ಗೋಡೆಯೊಳಗಿನ ಹುಲ್ಲು

ಮುತ್ಯಾಲಮ್ಮನ ಹೆಸರಿನಲ್ಲಿ ಒಂದು ಗೇಣು ಹೊಲವೂ ಇರಲಿಲ್ಲ. ಆದರೂ ಜಡಿಗೇನಹಳ್ಳಿ ಹೋಬಳಿಯ ಹುಣಸೆಕುಂಟೆಯಲ್ಲಿ ಅವಳಷ್ಟು ಹೊಲಗಳ ಮೇಲೆ ಓಡಾಡಿದವರು ಇನ್ನೊಬ್ಬರಿರಲಿಲ್ಲ. ಯಾರ ಬದುವಿನಲ್ಲಿ ಗರಿಕೆ ಚಿಗುರಿದೆ, ಯಾರ ನೀಲಗಿರಿ ತೋಪು ಕಡಿದ ಮೇಲೆ ನೆಲ ಹಸಿರಾಗಿದೆ, ಕೆರೆಯಂಗಳದಲ್ಲಿ ನೀರು ಯಾವ ಕಡೆ ಹಿಂದೆ ಸರಿದಿದೆ ಎಂಬುದೆಲ್ಲ ಅವಳಿಗೆ ಗೊತ್ತಿರುತ್ತಿತ್ತು. ಬೆಳಿಗ್ಗೆ ಡೈರಿಗೆ ಹಾಲು ಹಾಕಿ, ಒಂದು ಮುದ್ದೆ ಉಂಡು, ಕುಡುಗೋಲು ಮತ್ತು ಹಗ್ಗ ಹೆಗಲಿಗೆ ಹಾಕಿಕೊಂಡು ಹೊರಟರೆ ಬಿಸಿಲು ನೆತ್ತಿಗೇರುವ ಹೊತ್ತಿಗೆ ತಲೆಯ ಮೇಲೆ ಹುಲ್ಲಿನ ಹೊರೆ ಹೊತ್ತು ಬರುತ್ತಿದ್ದಳು. ಹೊರೆ ಎಷ್ಟು ದೊಡ್ಡದಿರುತ್ತಿತ್ತೆಂದರೆ ದೂರದಿಂದ ನೋಡಿದವರಿಗೆ ಹುಲ್ಲಿನ ಮೆದೆಯೊಂದು ತಾನಾಗಿಯೇ ನಡೆದು ಬರುತ್ತಿದೆ ಅನ್ನಿಸುತ್ತಿತ್ತು.

ಮಾಲೂರು ಕಡೆಯಿಂದ ಮದುವೆಯಾಗಿ ಬಂದವಳು. ಗಂಡ ಬೈರೇಶ್ ಗಾರೆ ಕೆಲಸದವನು. ಮಗ ಮುನೀಂದ್ರ ಇನ್ನೂ ಪ್ರೈಮರಿ ಶಾಲೆಯಲ್ಲಿದ್ದಾಗ ಬೈರೇಶನಿಗೆ ಕಾಮಾಲೆಯಾಗಿ, ನಾಟಿ ಔಷಧಿ ಕುಡಿಸುತ್ತಾ ಕೂತು, ಆಸ್ಪತ್ರೆಗೆ ಸೇರಿಸುವ ಹೊತ್ತಿಗೆ ತಡವಾಗಿತ್ತು. ಗಂಡನ ತಿಥಿ ಮುಗಿಸಿದ ಮೇಲೆ ಅವಳ ತಂದೆ ಒಂದು ಹೆಣ್ಣುಕರು ಹೊಡೆದುಕೊಂಡು ಬಂದು ಅಂಗಳದಲ್ಲಿ ಕಟ್ಟಿ, ಏನೂ ಮಾತಾಡದೆ ಬಸ್ಸು ಹತ್ತಿ ಹೋಗಿದ್ದ. ಆ ಕರು ಹಸುವಾಗಿ, ಅದರ ಕರುಗಳು ಹಸುಗಳಾಗಿ, ಈಗ ಕೊಟ್ಟಿಗೆಯಲ್ಲಿ ನಾಲ್ಕು ಸೀಮೆಹಸುಗಳಿದ್ದವು. ಮುನೀಂದ್ರನ ಓದು, ಮನೆಯ ಮೇಲಿನ ಶೀಟು ತೆಗೆದು ಹಾಕಿಸಿದ ಆರ್‌ಸಿಸಿ, ಸಿಂಧುವನ್ನು ಸೊಸೆಯಾಗಿ ತಂದ ಮದುವೆ, ಮೊಮ್ಮಗುವಿನ ನಾಮಕರಣ, ಎಲ್ಲವೂ ಡೈರಿಯ ಬಟವಾಡೆಯಲ್ಲೇ ನಡೆದವು.

ಹುಲ್ಲಿಗೆ ಅವಳು ಹೆಚ್ಚಾಗಿ ನೆಚ್ಚಿಕೊಂಡಿದ್ದು ದೊಡ್ಡಮುನಿಯಪ್ಪನ ಮೂರು ಎಕರೆಯನ್ನು. ಊರಿನ ಹಿರಿಯ, ದೂರದ ಸಂಬಂಧದಲ್ಲಿ ಗಂಡನಿಗೆ ಚಿಕ್ಕಪ್ಪನಾಗಬೇಕು. ಅವಳು ಮಾವ ಎನ್ನುತ್ತಿದ್ದಳು. ಅವನ ಮಕ್ಕಳಿಬ್ಬರೂ ಹೊಸಕೋಟೆಯಲ್ಲಿ ಹಾರ್ಡ್‌ವೇರ್ ಅಂಗಡಿ ಇಟ್ಟಿದ್ದರಿಂದ ಉಳುವವರಿಲ್ಲದೆ ಜಮೀನು ಬೀಳು ಬಿದ್ದಿತ್ತು. ಮೂಲೆಯ ಅರ್ಧ ಎಕರೆಯಲ್ಲಿ ಮಾತ್ರ ಮನೆಗೆ ಬೇಕಾದ ರಾಗಿ ಹಾಕಿಸುತ್ತಿದ್ದ. ಆ ರಾಗಿಗೆ ಅವಳ ತಿಪ್ಪೆಯ ಗೊಬ್ಬರ, ಅವಳ ಹಸುಗಳಿಗೆ ಉಳಿದ ನೆಲದ ಹುಲ್ಲು. ಹಸು ಈದಾಗ ಒಂದು ಚೊಂಬು ಗಿಣ್ಣುಹಾಲು ಅವನ ಮನೆಗೆ. ಇದನ್ನು ಯಾರೂ ಕೂತು ಒಪ್ಪಂದ ಮಾಡಿಕೊಂಡಿರಲಿಲ್ಲ. ನಡೆದುಕೊಂಡು ಬಂದಿತ್ತು, ಅಷ್ಟೇ.

ಕೊರೊನಾ ಬಂದ ವರ್ಷ ಪಟ್ಟಣದವರೆಲ್ಲ ಬಾಗಿಲು ಹಾಕಿಕೊಂಡು ಕೂತಾಗಲೂ ಅವಳ ಕೆಲಸ ನಿಲ್ಲಲಿಲ್ಲ. ಮೂಗಿಗೆ ಸೆರಗು ಕಟ್ಟಿಕೊಂಡು ಹಾಲು ಹಾಕಿ ಬರುತ್ತಿದ್ದಳು. ಬೆಂಗಳೂರಿನಲ್ಲಿ ಜನ ಹಂಗಾಗ್ತಿದಾರೆ, ಹಿಂಗಾಗ್ತಿದಾರೆ ಎಂದು ಟಿವಿಯಲ್ಲಿ ನೋಡಿ ಸಿಂಧು ಅಳುವಾಗ, "ಹಸುಗೇನ್ ಗೊತ್ತಮ್ಮ ಕಾಯ್ಲೆ, ಅದುಕ್ಕೆ ಹೊತ್ತಿಗೆ ಮೇವ್ ಬೇಕು" ಎಂದು ಎದ್ದು ಹೋಗುತ್ತಿದ್ದಳು. ಕೆಟ್ಟ ಕಾಲ ತಮ್ಮ ಊರಿನ ಪಕ್ಕದಲ್ಲೇ ಹಾದು ಹೋಯಿತೆಂದು ಅವಳಿಗೆ ಅನ್ನಿಸಿತ್ತು.

ಮಾರನೆಯ ವರ್ಷ ಕಾರುಗಳು ಬರತೊಡಗಿದವು. ಮೊದಮೊದಲು ಭಾನುವಾರ ಒಂದೆರಡು, ಆಮೇಲೆ ವಾರದ ದಿನಗಳಲ್ಲೂ. ಕಾರಿನಿಂದ ಇಳಿದವರು ರಸ್ತೆಯ ಪಕ್ಕ ನಿಂತು ಸೊಂಟದ ಮೇಲೆ ಕೈಯಿಟ್ಟು ಬೀಳು ನೆಲವನ್ನು ದೇವಸ್ಥಾನ ನೋಡುವ ಹಾಗೆ ನೋಡುತ್ತಿದ್ದರು. ಯಾವತ್ತೂ ಯಾರೂ ಕೇಳದ ಕಲ್ಲುಮೊರಡಿಗೂ ಗಿರಾಕಿಗಳು ಹುಟ್ಟಿಕೊಂಡರು. ಚಹಾದಂಗಡಿಯಲ್ಲಿ ಒಂದು ವಾರ ಕೇಳಿದ ರೇಟು ಮುಂದಿನ ವಾರಕ್ಕೆ ಹಳತಾಗುತ್ತಿತ್ತು. ಕೊಂಡವರು ಯಾರೂ ಉಳಲಿಲ್ಲ, ಬಿತ್ತಲಿಲ್ಲ. ಮೊದಲು ಮಾಡುತ್ತಿದ್ದ ಕೆಲಸ ಒಂದೇ, ಸುತ್ತ ಸಿಮೆಂಟ್ ಸ್ಲ್ಯಾಬಿನ ಕಾಂಪೌಂಡು ಹಾಕಿಸಿ ಗೇಟಿಗೆ ಬೀಗ ಜಡಿಯುವುದು.

ಈ ಕಾಂಪೌಂಡುಗಳು ಮುನೀಂದ್ರನಿಗೆ ದಾರಿ ಮಾಡಿಕೊಟ್ಟವು. ಅವನು ಕೆಲಸ ಮಾಡುತ್ತಿದ್ದ ಕಾರ್ಖಾನೆ ಕೊರೊನಾದಲ್ಲಿ ಅರ್ಧ ಜನರನ್ನು ಮನೆಗೆ ಕಳಿಸಿದಾಗ ಅವನೂ ಬಂದು ಕೂತಿದ್ದ. ಈಗ ಕಂಬ ನೆಟ್ಟು ಸ್ಲ್ಯಾಬು ಕೂರಿಸುವವರ ಜೊತೆ ಸೇರಿಕೊಂಡ. ಮೂರು ತಿಂಗಳಲ್ಲಿ ಕೆಲಸ ಕಲಿತ. ಬ್ಯಾಂಕಿಗೆ ಹೋದರೆ, ಹಿಂದೆ ನಾಲ್ಕು ಸಲ ಅಲೆಸುತ್ತಿದ್ದವರು ಕುರ್ಚಿ ಕೊಟ್ಟು ಕೂರಿಸಿ, ಕಡಿಮೆ ಬಡ್ಡಿ ಎಂದು ಅವರೇ ಹೇಳಿ, ಸ್ಲ್ಯಾಬು ಸಾಗಿಸಲು ಒಂದು ಲಗೇಜ್ ಗಾಡಿಗೆ ಸಾಲ ಮಂಜೂರು ಮಾಡಿದರು. ಗಾಡಿ ಮನೆ ಮುಂದೆ ಬಂದು ನಿಂತ ದಿನ ಮುತ್ಯಾಲಮ್ಮ ಅದರ ನಾಲ್ಕೂ ಚಕ್ರಕ್ಕೆ ನಿಂಬೆಹಣ್ಣು ಇಟ್ಟು, ಮಗನ ಮುಖ ನೋಡಿ ಕಣ್ಣೊರೆಸಿಕೊಂಡಳು. ಒಳ್ಳೆಯದೇ ಆಗುತ್ತಿದೆ ಎಂದುಕೊಂಡಳು. ನಿಜವಾಗಿಯೂ ಆಗ ಒಳ್ಳೆಯದೇ ಆಗುತ್ತಿತ್ತು.

ಹುಲ್ಲು ಮಾತ್ರ ದೂರವಾಗುತ್ತಾ ಹೋಯಿತು. ಇವತ್ತು ಹೋದ ಬದುವಿನ ಮುಂದೆ ನಾಳೆ ಕಂಬ ಎದ್ದಿರುತ್ತಿತ್ತು. ದೊಡ್ಡಮುನಿಯಪ್ಪ ಮಾವನ ಹೊಲ ಇದೆಯಲ್ಲ ಎಂಬ ಧೈರ್ಯದಲ್ಲಿ ಅವಳು ಉಳಿದದ್ದನ್ನು ಲೆಕ್ಕಕ್ಕಿಟ್ಟುಕೊಳ್ಳಲಿಲ್ಲ.

ಒಂದು ಸಂಜೆ ಅವಳು ಹಾಲು ಕರೆಯುತ್ತಿದ್ದಾಗ ಅವನೇ ಕೋಲೂರಿಕೊಂಡು ಕೊಟ್ಟಿಗೆಯ ಬಾಗಿಲಿಗೆ ಬಂದು ನಿಂತ. ಯಾವತ್ತೂ ಕೊಟ್ಟಿಗೆವರೆಗೆ ಬಂದವನಲ್ಲ.

"ಏನ್ ಮಾವ, ಇಲ್ಲಿಗಂಟ ಬಂದ್ಬಿಟ್ರಿ? ಹೇಳ್ಕಳ್ಸಿದ್ರೆ ನಾನೇ ಬತ್ತಿರ್ಲಿಲ್ವಾ?"

"ಕರ್ಕೊಳವ್ವಾ, ಕರ್ಕೋ. ಮುಗಿಸ್ಕೋ" ಎಂದು ಅವನು ಗೋಡೆಗೊರಗಿ ನಿಂತ. ಕೆಚ್ಚಲಿನಿಂದ ಪಾತ್ರೆಗೆ ಹಾಲು ಬೀಳುವ ಸದ್ದನ್ನೇ ಸ್ವಲ್ಪ ಹೊತ್ತು ಕೇಳಿದ. ಆಮೇಲೆ ಹೇಳಿದ: "ಜಮೀನು ಕೊಟ್ಬಿಟ್ಟೆ ಕಣವ್ವ."

ಅವಳ ಕೈ ನಿಂತಿತು.

"ಎಲ್ಲಾನೂವಾ?"

"ಎಲ್ಲಾನೂ. ಮಕ್ಳು ಬಿಡ್ಲಿಲ್ಲ. ಈ ರೇಟು ನಮ್ಮಪ್ಪನ ಕಾಲದಲ್ಲೂ ಇಲ್ಲ, ನನ್ನ ಕಾಲದಲ್ಲೂ ಇಲ್ಲ, ಮುಂದಕ್ಕೂ ಬರಕಿಲ್ಲ ಅಂದ್ರು. ನಂಗೂ ಆಸೆ ಆಯ್ತು ಅಂತ್ಲೇ ಇಟ್ಕೋ. ಸುಳ್ಳು ಯಾಕ್ ಹೇಳ್ಲಿ." ಕೋಲಿನಿಂದ ನೆಲ ಗೀರಿದ. "ಬೆಂಗ್ಳೂರೋರು ಐದ್ ಜನ ಸೇರಿ ತಗೊಂಡವ್ರೆ. ಎಲ್ಲಾ ರಿಟೈರ್ ಆದೋರು. ಒಳ್ಳೇರೇ. ಹುಲ್ಲಿನ್ ವಿಚಾರ ಹೇಳಣ ಅಂತ ಬಾಯಿಗಂಟ ಬಂತು. ರಿಜಿಸ್ಟ್ರಾಫೀಸ್ನಾಗೆ ಅದೆಂಗ್ ಹೇಳ್ಲಿ, ನೀನೇ ಹೇಳು."

ಮುತ್ಯಾಲಮ್ಮ ಏನು ಹೇಳಬೇಕು? ಕೊಟ್ಟದ್ದು ಅವನ ಜಮೀನು. ಮಾರಬೇಡ ಅನ್ನಲು ಅವಳಿಗೆ ಯಾವ ಹಕ್ಕೂ ಇರಲಿಲ್ಲ, ಇಷ್ಟು ವರ್ಷ ಹುಲ್ಲು ಕೊಯ್ಯಲು ಬಿಟ್ಟಿದ್ದನಲ್ಲ ಎಂಬ ಋಣವಷ್ಟೇ ಇತ್ತು. "ಒಳ್ಳೇದಾಯ್ತು ಬಿಡಿ ಮಾವ, ಮಕ್ಳು ಚೆನ್ನಾಗಿರ್ಲಿ" ಎಂದಳು. ಅವನು ಹೋಗುವಷ್ಟರಲ್ಲಿ ಹಸು ಹಾಲು ಏರಿಸಿಕೊಂಡುಬಿಟ್ಟಿತ್ತು. ಎಷ್ಟು ಎಳೆದರೂ ಮತ್ತೆ ಇಳಿಸಲಿಲ್ಲ.

ಆ ಮೂರು ಎಕರೆಯ ಕಾಂಪೌಂಡಿನ ಕೆಲಸ ಸಿಕ್ಕಿದ್ದು ಮುನೀಂದ್ರನಿಗೆ. ಒಂದು ವಾರ ಅವನು ಮನೆಯಲ್ಲಿ ಅದರ ಮಾತೇ ಎತ್ತಲಿಲ್ಲ. ಸಿಂಧು ಬಾಯಿಬಿಟ್ಟಳು. ಊಟದ ಹೊತ್ತಿನಲ್ಲಿ ಮುತ್ಯಾಲಮ್ಮ ಕೇಳಿದಳು.

"ಹೂಂ ಕಣಮ್ಮಾ, ನಾನೇ ಹಾಕ್ತಿರೋದು. ನಾನ್ ಬಿಟ್ರೆ ಮಾಲೂರಿನ ಪಾರ್ಟಿ ಬಂದು ಹಾಕ್ತಾರೆ. ಗೋಡೆ ಎದ್ದೇ ಏಳ್ತದೆ. ಗಾಡಿ ಕಂತು ಯಾರ್ ಕಟ್ತಾರೆ?"

"ನಾನ್ ಹಾಕ್ಬ್ಯಾಡ ಅಂದ್ನೇನೋ?"

"ಅನ್ಲಿಲ್ಲ. ಮುಖ ನೋಡಿದ್ರೆ ಗೊತ್ತಾಯ್ತದಲ್ಲ."

ಅವಳು ಮುಖ ತಿರುಗಿಸಿ ಅವನ ತಟ್ಟೆಗೆ ಇನ್ನೊಂದು ಸೌಟು ಸಾರು ಬಿಟ್ಟಳು. ಅವನು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ತಪ್ಪು ಸಿಕ್ಕಿದ್ದರೆ ಬೈದು ಹಗುರಾಗಬಹುದಿತ್ತು.

ಕಾಂಪೌಂಡು ಎದ್ದಿತು. ಆದರೆ ಮುನೀಂದ್ರ ಹಿಂಭಾಗದಲ್ಲಿ, ಹುಣಸೆಮರದ ಮರೆಯಲ್ಲಿ, ಎರಡು ಕಂಬಗಳ ನಡುವೆ ಮೇಲಿನ ಸ್ಲ್ಯಾಬುಗಳಿಗೆ ಕಬ್ಬಿಣದ ಪಟ್ಟಿಯ ಆಸರೆ ಕೊಟ್ಟು, ಕೆಳಗಿನ ಎರಡನ್ನು ಕೂರಿಸದೆ ಬಿಟ್ಟಿದ್ದ. ಬಗ್ಗಿದರೆ ಒಬ್ಬರು ನುಸುಳಬಹುದು, ಹೊರೆಯನ್ನು ಎಳೆದುಕೊಳ್ಳಬಹುದು. ಅಮ್ಮನಿಗೆ ಹೇಳಲಿಲ್ಲ. ಅವಳೇ ಹುಡುಕಿಕೊಂಡಳು. ಒಳಗೆ ಮಳೆಗಾಲದ ಹುಲ್ಲು ಮೊಣಕಾಲು ದಾಟಿತ್ತು. ಹಿಂದೆ ಊರ ಕುರಿಗಳೂ ಮೇಯುತ್ತಿದ್ದವು. ಈಗ ಅವೂ ಇಲ್ಲದೆ ಹುಲ್ಲು ಅಷ್ಟು ದಟ್ಟವಾಗಿ ಎಂದೂ ಬೆಳೆದಿರಲಿಲ್ಲ. ಆರೇಳು ತಿಂಗಳು ಅವಳು ಆ ಸಂದಿಯಲ್ಲಿ ನುಗ್ಗಿ ಹಸು ಸಾಕಿದಳು. ಸ್ವಂತ ಊರಿನಲ್ಲಿ ಕಳ್ಳಿಯ ಹಾಗೆ ಬಗ್ಗಿ ಹೋಗುವುದು ಮೊದಲು ಸಂಕಟವಾಗಿ, ಆಮೇಲೆ ರೂಢಿಯಾಯಿತು.

ಸಿಕ್ಕಿಬಿದ್ದದ್ದು ಒಂದು ಬುಧವಾರ. ಬುಧವಾರ ಯಾರೂ ಬರುವುದಿಲ್ಲವೆಂದು ಅವಳ ನಂಬಿಕೆ. ಹೊರೆ ಕಟ್ಟುತ್ತಿದ್ದಾಗ ಹಿಂದಿನಿಂದ, "ಯಾರಮ್ಮ ಅದು?" ಎಂದು ಕೇಳಿಸಿತು. ಬಿಳಿ ಟೋಪಿ, ಕನ್ನಡಕ, ಕೈಯಲ್ಲಿ ನೀರಿನ ಬಾಟಲಿ ಹಿಡಿದ ಹಿರಿಯರೊಬ್ಬರು ನಿಂತಿದ್ದರು. ಐದು ಮಂದಿ ಮಾಲೀಕರಲ್ಲಿ ಒಬ್ಬರು, ಯೋಗಾನಂದ. ಬೆಂಗಳೂರಿನ ಖಾಸಗಿ ಕಾಲೇಜೊಂದರಲ್ಲಿ ಅರ್ಥಶಾಸ್ತ್ರ ಪಾಠ ಹೇಳಿ ನಿವೃತ್ತರಾದವರು. ಉಳಿದ ನಾಲ್ವರು ಮಾಲೀಕರು ಬೆಂಗಳೂರಿನ ಪಾರ್ಕಿನಲ್ಲಿ ಅವರೊಡನೆ ಬೆಳಗಿನ ನಡಿಗೆ ಮಾಡುವವರು.

ಮುತ್ಯಾಲಮ್ಮ ಕುಡುಗೋಲು ಕೆಳಗಿಟ್ಟು ಕೈಮುಗಿದಳು. "ಹಸುಗೆ ಹುಲ್ಲು ಸ್ವಾಮಿ. ಬ್ಯಾರೇನೂ ಮುಟ್ಟಿಲ್ಲ."

ಅವರು ಕೂಗಾಡುತ್ತಾರೆಂದುಕೊಂಡಿದ್ದಳು. ಅವರು ಹುಣಸೆಮರದ ನೆರಳಿಗೆ ಹೋಗಿ ಕಲ್ಲಿನ ಮೇಲೆ ಕೂತು, ಅವಳಿಗೂ ಕೂರಲು ಹೇಳಿದರು. ಎಷ್ಟು ಹಸು, ಎಷ್ಟು ಹಾಲು, ಮನೆಯಲ್ಲಿ ಯಾರಿದ್ದಾರೆ ಎಂದೆಲ್ಲ ವಿಚಾರಿಸಿದರು. ಆ ಸಲಿಗೆಯಲ್ಲಿ ಅವಳು ಕೇಳಿಯೇಬಿಟ್ಟಳು.

"ಸ್ವಾಮಿ, ತಪ್ಪು ತಿಳ್ಕಬ್ಯಾಡಿ. ನೀವು ಇಲ್ಲಿ ಬೆಳೆ ಇಕ್ಕಲ್ಲ, ಮನೆ ಕಟ್ಟಲ್ಲ. ಇಷ್ಟು ದುಡ್ಡು ಸುರ್ದು ಈ ನೆಲ ಯಾತಕ್ಕೆ ತಗೊಂಡ್ರಿ?"

ಯೋಗಾನಂದ ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸಿದರು. "ನನಗೆ ಪೆನ್ಷನ್ ಇಲ್ಲಮ್ಮ. ರಿಟೈರ್ ಆದಾಗ ಬಂದ ದುಡ್ಡು ಬ್ಯಾಂಕಲ್ಲಿಟ್ಟು, ಬಡ್ಡಿಯಲ್ಲಿ ಸಂಸಾರ ನಡೆಸ್ತಿದ್ದೆ. ಕೊರೊನಾ ಬಂದಾಗ ವ್ಯಾಪಾರ ಎಲ್ಲಾ ನಿಂತೋಯ್ತಲ್ಲ, ದೇಶ ಮಲಗಿಬಿಡುತ್ತೆ ಅಂತ ರಿಸರ್ವ್ ಬ್ಯಾಂಕಿನವರು ಬಡ್ಡಿ ಇಳಿಸಿದ್ರು. ಅಷ್ಟೇ ಅಲ್ಲ. ಸರ್ಕಾರ ಸಾಲ ತಗೊಳ್ಳುವಾಗ ಪತ್ರ ಬರೆದುಕೊಡುತ್ತೆ. ಅಂಥ ಪತ್ರಗಳು ಬ್ಯಾಂಕುಗಳ ಹತ್ತಿರ ರಾಶಿ ಇರುತ್ತೆ. ರಿಸರ್ವ್ ಬ್ಯಾಂಕು ಆ ಪತ್ರಗಳನ್ನ ಕೊಂಡುಕೊಂಡು ಹೊಸದಾಗಿ ದುಡ್ಡು ಕೊಡ್ತು."

"ಹೊಸ ದುಡ್ಡು ಅಂದ್ರೆ? ಅದೆಲ್ಲಿಂದ ಬತ್ತದೆ ಸ್ವಾಮಿ?"

"ಎಲ್ಲಿಂದಲೂ ಬರಲ್ಲ. ಅವರು ತಮ್ಮ ಲೆಕ್ಕದಲ್ಲಿ ಬರೆದ್ರೆ ಬಂತು. ಆ ಅಧಿಕಾರ ದೇಶದಲ್ಲಿ ಅವರೊಬ್ಬರಿಗೇ ಇರೋದು. ಅಮೆರಿಕಾ, ಯುರೋಪಿನವರು ಇದನ್ನೇ ನಮಗಿಂತ ಎಷ್ಟೋ ದೊಡ್ಡದಾಗಿ ಮಾಡಿದ್ರು. ಉದ್ದೇಶ ಒಳ್ಳೇದೇ. ಬ್ಯಾಂಕಲ್ಲಿ ದುಡ್ಡು ತುಂಬಿದ್ರೆ ಸಾಲ ಅಗ್ಗ ಆಗುತ್ತೆ, ಜನ ಸಾಲ ತಗೊಂಡು ಏನಾದ್ರೂ ಕೆಲಸ ಶುರು ಮಾಡ್ತಾರೆ, ನಾಲ್ಕು ಜನಕ್ಕೆ ಕೂಲಿ ಸಿಗುತ್ತೆ."

ಮುತ್ಯಾಲಮ್ಮನಿಗೆ ಮನೆ ಮುಂದಿನ ಗಾಡಿ ಕಣ್ಣಿಗೆ ಬಂತು. "ನನ್ ಮಗನ್ಗೂ ಕೊಟ್ರು ಸ್ವಾಮಿ, ಕರ್ದು ಕೊಟ್ರು."

"ನೋಡಿದ್ರಾ? ಅದೇ. ಆದ್ರೆ ದುಡ್ಡು ತುಂಬಿರೋ ಬ್ಯಾಂಕಿಗೆ ನನ್ನ ಠೇವಣಿ ಯಾಕೆ ಬೇಕು? ನಮ್ಮ ಬಡ್ಡಿ ಇಳೀತು. ಇಳಿದೂ ಇಳಿದೂ, ಸಾಮಾನಿನ ಬೆಲೆ ಏರೋಷ್ಟೂ ಬರದ ಹಾಗಾಯ್ತು. ನನ್ನ ಹೆಂಡತಿಗೆ ದಿನಾ ಇನ್ಸುಲಿನ್ ಬೇಕು. ಇಟ್ಟ ದುಡ್ಡು ಕೂತಲ್ಲೇ ಕರಗ್ತಾ ಇದ್ರೆ ಏನು ಮಾಡೋದು? ಧೈರ್ಯ ಇದ್ದೋರು ಷೇರು ಕೊಂಡ್ರು. ನಮ್ಮಂಥ ಪುಕ್ಕಲರು ನೆಲ ಕೊಂಡ್ವಿ. ಎಲ್ಲರಿಗೂ ಒಂದೇ ಸಲ ಹಂಗನ್ನಿಸ್ತು, ರೇಟು ಏರಿತು. ಏರ್ತಿದೆ ಅಂತ ಇನ್ನಷ್ಟು ಜನ ಬಂದ್ರು."

ಅವಳು ಹುಲ್ಲಿನ ಒಂದು ಎಳೆಯನ್ನು ಬೆರಳಿಗೆ ಸುತ್ತಿ ಬಿಚ್ಚುತ್ತಾ ಕೇಳುತ್ತಿದ್ದಳು. ಪತ್ರದ ವಿಚಾರ ಪೂರ್ತಿ ತಲೆಗೆ ಹತ್ತಲಿಲ್ಲ. ಆದರೆ ಎಲ್ಲೋ ಯಾರೋ ದೇಶ ಉಳಿಸಲು ಮಾಡಿದ್ದು ಕೈಯಿಂದ ಕೈಗೆ ದಾಟಿ ತನ್ನ ಹಸುವಿನ ಗೋದಲಿಯವರೆಗೆ ಬಂದಿದೆ ಎಂಬುದು ಅರ್ಥವಾಯಿತು.

"ಇದ್ರಾಗೆ ನಮ್ಮಂಥೋರು ಯಾರ್ನ ಕೇಳ್ಬೇಕು ಸ್ವಾಮಿ?"

"ಯಾರನ್ನೂ ಕೇಳೋಕಾಗಲ್ಲಮ್ಮ" ಎಂದರು ಯೋಗಾನಂದ. "ನಾನೂ ಯಾರನ್ನೂ ಕೇಳಲಿಲ್ಲ. ಮೂವತ್ತು ವರ್ಷ ಮಕ್ಕಳಿಗೆ ಇದನ್ನ ಬೋರ್ಡಿನ ಮೇಲೆ ಬಾಣ ಹಾಕಿ ಹಾಕಿ ಹೇಳಿಕೊಟ್ಟೋನು ನಾನು. ನನಗೇ ಬಂದಾಗ ಬೇರೆ ದಾರಿ ಕಾಣಲಿಲ್ಲ."

ಹುಲ್ಲು ಕೊಯ್ಯಲು ಬಿಡಿ ಎಂದು ಅವಳು ಬೇಡಿದಳು. ತಮ್ಮೊಬ್ಬರದೇ ಆಗಿದ್ದರೆ ಖಂಡಿತ ಬಿಡುತ್ತಿದ್ದೆ ಎಂದು ಅವರು ಹೇಳಿದ್ದು ಸುಳ್ಳಿರಲಾರದು. ಉಳಿದ ನಾಲ್ವರನ್ನು ಕೇಳಿ ಹೇಳುತ್ತೇನೆಂದರು. ಅವಳ ಹೊರೆಗೆ ತಾವೇ ಒಂದು ಕೈ ಕೊಟ್ಟು ತಲೆಗೆ ಏರಿಸಿ, ಗೇಟಿನ ಬೀಗ ತೆಗೆದು, ಆ ದಿನ ಅವಳು ನೆಟ್ಟಗೆ ನಡೆದು ಹೊರಹೋಗುವ ಹಾಗೆ ಮಾಡಿದರು.

ಮುಂದಿನ ವಾರ ಫೋನು ಬಂದದ್ದು ಮುನೀಂದ್ರನಿಗೆ. ದಿನಾ ಒಬ್ಬರು ಜಮೀನಿನಲ್ಲಿ ಓಡಾಡುತ್ತಿದ್ದರೆ ಮುಂದೆ ಈ ನೆಲ ನಮ್ಮ ಅನುಭವದಲ್ಲಿದೆ, ನಮಗೇ ಸೇರಬೇಕೆಂದು ಕೋರ್ಟಿಗೆ ಹೋಗಬಹುದು ಎಂದು ಅವರ ವಕೀಲರು ಹೆದರಿಸಿದ್ದರಂತೆ. ಸಂದಿ ಮುಚ್ಚಬೇಕು. ಮುಚ್ಚದಿದ್ದರೆ ಬಾಕಿ ಹಣ ಬರುವುದಿಲ್ಲ. ಯೋಗಾನಂದರ ದನಿ ಬಹಳ ಸಣ್ಣದಾಗಿತ್ತು ಎಂದು ಮುನೀಂದ್ರ ಹೇಳಿದ. ಮಧ್ಯಾಹ್ನ ಅವನು ಎರಡು ಸ್ಲ್ಯಾಬು ಗಾಡಿಗೆ ಹೇರಿಕೊಂಡು ಹೋಗಿ ಕೂರಿಸಿ ಬಂದ. ಬಂದವನು ಸ್ನಾನ ಮಾಡದೆ, ಉಣ್ಣದೆ, ಅಂಗಳದಲ್ಲಿ ತುಂಬಾ ಹೊತ್ತು ಫೋನು ನೋಡುತ್ತಾ ಕೂತಿದ್ದ. ಫೋನಿನ ಬೆಳಕು ಆರಿಹೋಗಿದ್ದರೂ ನೋಡುತ್ತಲೇ ಇದ್ದ.

ಆಮೇಲೆ ಮುತ್ಯಾಲಮ್ಮ ಮೇವು ಕೊಂಡು ಹಾಕಿ ನೋಡಿದಳು. ರಾಗಿ ಬೆಳೆಯುವವರೇ ಕಡಿಮೆಯಾಗಿ ರಾಗಿಹುಲ್ಲು ತಮಿಳುನಾಡಿನ ಗಡಿಯಿಂದ ಲಾರಿಯಲ್ಲಿ ಬರಬೇಕಿತ್ತು. ಬೂಸ ಮತ್ತು ಹಿಂಡಿಯ ಬೆಲೆ ಪ್ರತಿ ಸಲ ಹೋದಾಗಲೂ ಏರಿರುತ್ತಿತ್ತು. ಹಸಿ ಹುಲ್ಲಿಲ್ಲದೆ ಹಾಲು ಇಳಿಯಿತು. ಮೊದಲು ಒಂದು ಹಸು ಹೋಯಿತು, ಆಮೇಲೆ ಎರಡು ಒಟ್ಟಿಗೆ. ಕೊಳ್ಳಲು ಬಂದವರು ಮೂಗುದಾರ ಹಿಡಿದು ಎಳೆದಾಗ ಹಸು ನಾಲ್ಕು ಹೆಜ್ಜೆ ಹೋಗಿ ತಿರುಗಿ ನೋಡುತ್ತದೆಂದು ಅವಳಿಗೆ ಗೊತ್ತಿತ್ತು. ಆ ಹೊತ್ತಿಗೆ ಒಳಗೆ ಹೋಗಿ ಪಾತ್ರೆ ತೊಳೆಯುತ್ತಾ ನಿಲ್ಲುತ್ತಿದ್ದಳು. ಉಳಿದದ್ದು ಬೋಳಿ ಎಂಬ ಮುದಿ ಹಸು ಒಂದೇ. ಅದನ್ನು ಯಾರೂ ಕೇಳಲಿಲ್ಲ.

ಅಷ್ಟರಲ್ಲಿ ಗಾಳಿ ತಿರುಗಿತು. ಬೆಲೆಗಳು ಅತಿಯಾದವೆಂದು ರಿಸರ್ವ್ ಬ್ಯಾಂಕು ಬಡ್ಡಿ ಏರಿಸಿತು, ಮತ್ತೆ ಏರಿಸಿತು. ಸಾಲ ಮಾಡಿ ನೆಲ ಕೊಳ್ಳುವವರು ಹಿಂದೆಗೆದರು. ಹುಣಸೆಕುಂಟೆಯ ರಸ್ತೆಗೆ ಕಾರು ಬರುವುದು ಕಡಿಮೆಯಾಯಿತು. ಗೋಡೆಯ ಕೆಲಸ ತಿಂಗಳಿಗೆ ಒಂದು, ಎರಡು ತಿಂಗಳಿಗೆ ಒಂದು ಎನ್ನುವ ಹಾಗಾಗಿ ಮುನೀಂದ್ರನ ಗಾಡಿ ಮನೆ ಮುಂದೆಯೇ ನಿಂತಿತು. ನೆಲದ ರೇಟು ಮಾತ್ರ ಇಳಿಯಲಿಲ್ಲ. ಕೊಂಡ ಬೆಲೆಗಿಂತ ಕಡಿಮೆಗೆ ಕೊಡಲು ಯಾರಿಗೂ ಮನಸ್ಸಿಲ್ಲ, ಆ ಬೆಲೆಗೆ ಕೊಳ್ಳಲು ಯಾರೂ ಇಲ್ಲ. ದೊಡ್ಡಮುನಿಯಪ್ಪ ತನ್ನ ಪಾಲಿನ ದುಡ್ಡಲ್ಲಿ ಚಿಂತಾಮಣಿ ಕಡೆ ಎಲ್ಲಾದರೂ ಒಂದು ಎಕರೆ ತೆಗೆದುಕೊಳ್ಳುತ್ತೇನೆಂದು ಹೋಗಿ ವಿಚಾರಿಸಿ ಬಂದ. ಅಲ್ಲೂ ರೇಟು ಅವನಿಗಿಂತ ಮೊದಲೇ ಹೋಗಿ ಕೂತಿತ್ತು. ಅಂಗಡಿ ರಾಗಿಯ ಮುದ್ದೆ ಗಂಟಲಿಗಿಳಿಯುವುದಿಲ್ಲ ಎಂದು ಡೈರಿಯ ಕಟ್ಟೆಯ ಮೇಲೆ ಕೂತು ಹೇಳಿಕೊಳ್ಳುತ್ತಿದ್ದ.

ಬೇಸಿಗೆ ಮುಗಿಯುವ ಮುಂಚೆ ಯೋಗಾನಂದ ಮತ್ತೊಮ್ಮೆ ಬಂದರು. ಆ ಮೂರು ಎಕರೆಯ ಹುಲ್ಲು ಎದೆಮಟ್ಟ ಬೆಳೆದು ಒಣಗಿ, ಬೆಂಕಿ ಬಿದ್ದರೆ ಕೇಸಾಗುತ್ತದೆಂದು ಪಂಚಾಯಿತಿಯಿಂದ ನೋಟೀಸು ಹೋಗಿತ್ತು. ನಡುನಡುವೆ ಹಸಿರು ಉಳಿದಿದ್ದರಿಂದ, ಮತ್ತೆ ಚಿಗುರದಿರಲೆಂದು ಇಡೀ ಹುಲ್ಲಿಗೆ ಕಳೆನಾಶಕ ಹೊಡೆಸಿದ್ದರು; ಇನ್ನು ಅದು ದನಕ್ಕೆ ಹಾಕುವ ಹಾಗಿರಲಿಲ್ಲ. ಈಗ ಅದನ್ನೆಲ್ಲ ಕೊಯ್ದು, ರಾಶಿ ಹಾಕಿ, ಗೋಡೆಯೊಳಗೇ ಜೋಪಾನವಾಗಿ ಸುಡಬೇಕಿತ್ತು. ಆ ಕೆಲಸವನ್ನೂ ಮುನೀಂದ್ರನಿಗೇ ವಹಿಸಿದರು. ಬೇರೆ ಕೆಲಸವಿಲ್ಲದೆ ಕೂತಿದ್ದ ಅವನು ಒಪ್ಪಿಕೊಂಡ. ಆಳಿಗೆ ಯಾರನ್ನು ಕರೆಯುವುದೆಂದು ಅವನು ಯೋಚಿಸುತ್ತಿದ್ದಾಗ ಮುತ್ಯಾಲಮ್ಮ, "ನಾನೂ ಬತ್ತೀನಿ, ಆ ಕೂಲಿ ಮನ್ಯಾಗೇ ಇರ್ಲಿ" ಎಂದಳು.

"ಬ್ಯಾಡಮ್ಮ ನೀನು."

"ಯಾಕ್ ಬ್ಯಾಡ? ಹುಲ್ಲು ಕೊಯ್ಯಕ್ ನಂಗ್ ಬರಕಿಲ್ವಾ?"

ಗೇಟು ತೆರೆದಿತ್ತು. ಯೋಗಾನಂದ ಅವಳನ್ನು ಕಂಡು ಟೋಪಿ ತೆಗೆದರು. ಸ್ವಲ್ಪ ಹೊತ್ತಾದ ಮೇಲೆ ತಾವೇ ಹತ್ತಿರ ಬಂದು, "ಈಗ ಬ್ಯಾಂಕಲ್ಲಿ ಬಡ್ಡಿ ಚೆನ್ನಾಗಿ ಕೊಡ್ತಿದಾರಮ್ಮ. ಇದನ್ನ ಮಾರಿ ಇಡೋಣ ಅಂದ್ರೆ ಒಬ್ಬನೂ ಬಂದು ಕೇಳ್ತಿಲ್ಲ" ಎಂದರು. ಅವಳು, "ಅಮ್ಮಾವ್ರು ಹೆಂಗವ್ರೆ ಸ್ವಾಮಿ?" ಎಂದಳು. ಸಕ್ಕರೆ ಕಾಯಿಲೆಯಿಂದ ಅವಳ ಕಾಲಿನಲ್ಲಾದ ಗಾಯ ವಾಸಿಯಾಗುತ್ತಿಲ್ಲ ಎಂದರು.

ಕೊಯ್ಯುವಾಗ ಅವಳ ಕೈ ಹಳೆಯ ರೂಢಿಯಲ್ಲಿ ಒಳ್ಳೆಯ ಹುಲ್ಲನ್ನು ಬೇರೆ ಹಿಡಿ ಮಾಡುತ್ತಿತ್ತು. ಹಿಡಿ ತುಂಬಿದಾಗ ನೋಡಿ, ಔಷಧಿ ಬಿದ್ದದ್ದೆಂದು ನೆನಪಾಗಿ, ರಾಶಿಗೆ ಎಸೆಯುತ್ತಿದ್ದಳು. ಮತ್ತೆ ಸ್ವಲ್ಪ ದೂರ ಹೋಗುವಷ್ಟರಲ್ಲಿ ಇನ್ನೊಂದು ಹಿಡಿ ಆಗಿರುತ್ತಿತ್ತು. ಮುನೀಂದ್ರ ನೋಡಿಯೂ ನೋಡದವನಂತೆ ಇದ್ದ.

ಸಂಜೆಯ ಹೊತ್ತಿಗೆ ನಡುವೆ ಒಂದು ದೊಡ್ಡ ರಾಶಿಯಾಯಿತು. ಗಾಳಿ ನಿಲ್ಲುವವರೆಗೆ ಕಾದು ಮುನೀಂದ್ರ ಕಡ್ಡಿ ಗೀರಿದ. ಒಣಹುಲ್ಲು ಒಂದೇ ಉಸಿರಿಗೆ ಹತ್ತಿಕೊಂಡಿತು. ಶಾಖಕ್ಕೆ ಹಿಂದೆ ಸರಿದು ತಾಯಿ ಮಗ ಇಬ್ಬರೂ ಗೋಡೆಗೆ ಬೆನ್ನು ಹಚ್ಚಿ ನಿಂತರು. ಕಿಡಿ ಹಾರಿದರೆ ಬಡಿಯಲೆಂದು ಇಬ್ಬರ ಕೈಯಲ್ಲೂ ಹಸಿ ಬೇವಿನ ಸೊಪ್ಪಿನ ಕೊಂಬೆಗಳಿದ್ದವು.

"ಅಮ್ಮ, ಹೊಸಕೋಟೆ ಹತ್ರ ಒಂದು ಗೋಡೋನಲ್ಲಿ ಗುಡಿಸಾಕೆ ಹೆಂಗುಸ್ರು ಬೇಕಂತೆ. ಕ್ಯಾಬು ಬತ್ತದೆ. ಸಿಂಧು ಹೋಗ್ತೀನಿ ಅಂತಾವ್ಳೆ."

"ಅವಳು ಮಗೂನ ನೋಡ್ಕಳ್ಳಿ. ನಾನ್ ಹೋಗ್ತೀನಿ."

"ಬೋಳಿ?"

ಅವಳು ಕಾಲ ಬಳಿ ಬಿದ್ದ ಕಿಡಿಯೊಂದನ್ನು ಬೇವಿನ ಕೊಂಬೆಯಿಂದ ಬಡಿದಳು. ಹೊಗೆ ಕಣ್ಣಿಗೆ ಬರುತ್ತಿತ್ತು. ಗೇಟಿನ ಬಳಿ ಯೋಗಾನಂದ ಮೂಗಿಗೆ ಕರವಸ್ತ್ರ ಹಿಡಿದು, ಬೀಗ ಕೈಯಲ್ಲಿಟ್ಟುಕೊಂಡು, ಪೂರ್ತಿ ಆರುವುದನ್ನು ಕಾಯುತ್ತಿದ್ದರು.